ಬೆಂಕಿಪೊಟ್ಟಣದಲ್ಲಿ ಬಂದ ಊರು

ಒಂದೇ ಕಾರ್ಯಕ್ರಮವನ್ನು 23 ಗಂಟೆ ನಡೆಸಿಕೊಡಬೇಕೆಂದರೆ ಹೇಗಿರುತ್ತದೆ, ಊಹಿಸಿಕೊಳ್ಳಿ!

ನೆದರ್‌ಲ್ಯಾಂಡ್ಸ್‌ನಲ್ಲಿ 1951ರಲ್ಲಿ ಟಿವಿ ಶುರುವಾದಾಗ ಅದರ ಮೊದಮೊದಲ ಉದ್ಘೋಷಕಿಯರಲ್ಲಿ ಒಬ್ಬರು ಮೀಸ್ ಬೌಮನ್. 1962ರ ನವೆಂಬರ್ 26ರ ಸಂಜೆ ನೇರಪ್ರಸಾರಕ್ಕೆ ನಿಂತವರು ಮರುದಿನ ಸಂಜೆಯವರೆಗೂ ನಿಂತೇ ಇದ್ದರು. ಜನರಲ್ಲಿ ಕೇಳಿದ್ದು ಇಷ್ಟೇ: ಅಂಗವಿಕಲರು ಆಸ್ಪತ್ರೆಯಲ್ಲೇ ಬಾಳು ಸವೆಸಬಾರದು, ಅವರಿಗೂ ಸ್ವಂತ ಬಾಗಿಲಿರುವ ಮನೆ ಬೇಕು, ಅದಕ್ಕೊಂದು ಊರು ಕಟ್ಟೋಣ.

ಜನ ಖಾಲಿ ಬೆಂಕಿಪೊಟ್ಟಣಗಳಲ್ಲಿ ದುಡ್ಡು ತುಂಬಿ ಕೊಟ್ಟರು. ಅಲ್ಲಿನ ಆಗಿನ ಹಣ ಗಿಲ್ಡರ್. ಮೊತ್ತ ಒಂದು ಕೋಟಿ ದಾಟಿತು. ಆರ್ನ್‌ಹೆಮ್‌ನಲ್ಲಿ ಊರು ಎದ್ದಿತು. ಹೆಸರು ‘ಹೆಟ್ ಡಾರ್ಪ್’, ಅಂದರೆ ‘ಹಳ್ಳಿ’.

ಮೀಸ್ 2018ರಲ್ಲಿ ತೀರಿಕೊಂಡರು. ಮೈಕ್ ಮುಂದೆ ಕೂರುವ ನನಗಂತೂ ಇದಕ್ಕಿಂತ ದೊಡ್ಡ ಕಾರ್ಯಕ್ರಮ ಗೊತ್ತಿಲ್ಲ. ನಿಮಗೆ?