ಮದುವೆಯ ದಿನದ ವೇಳಾಪಟ್ಟಿ: ಮುಹೂರ್ತದಿಂದ ಹಿಂದಕ್ಕೆ ಎಣಿಸುವ ಕ್ರಮ

ಊರಿನಲ್ಲಿ ಹಿಂದೆ ಹಲವು ದಿನಗಳ ಕಾಲ ನಡೆಯುತ್ತಿದ್ದ ಮದುವೆ ಮುಂಬಯಿಯಂತಹ ಮಹಾನಗರದಲ್ಲಿ ಒಂದು ಹಗಲಿಗೆ ಇಳಿದಿದೆ. ಸಭಾಗೃಹವನ್ನು ಸಂಜೆಯೊಳಗೆ ತೆರವು ಮಾಡಬೇಕು. ಪುರೋಹಿತರಿಗೆ ಅದೇ ದಿನ ಇನ್ನೊಂದೆಡೆ ಕಾರ್ಯವಿರಬಹುದು. ಅತಿಥಿಗಳು ಡೊಂಬಿವಲಿಯಿಂದಲೂ ವಾಶಿಯಿಂದಲೂ ಬರಬೇಕು. ಇಂತಹ ದಿನದಲ್ಲಿ ಬೆಳಿಗ್ಗೆ ಆದ ಅರ್ಧ ಗಂಟೆಯ ವಿಳಂಬ ಮಧ್ಯಾಹ್ನದ ಹೊತ್ತಿಗೆ ಎರಡು ಗಂಟೆಯಾಗಿ ಬೆಳೆಯುತ್ತದೆ. ಅದರ ಫಲವನ್ನು ಉಣ್ಣುವವರು ಹಸಿದು ಕುಳಿತ ಹಿರಿಯರು, ಬೆಳಗಿನಿಂದ ಉಪವಾಸವಿರುವ ಕನ್ಯಾದಾನ ಮಾಡುವ ತಂದೆತಾಯಿ ಮತ್ತು ಮದುಮಕ್ಕಳು. ಆದುದರಿಂದ ಕಾಗದದ ಮೇಲೆ ಮೊದಲೇ ಬರೆದಿಟ್ಟ, ನಡೆಸಲು ಸಾಧ್ಯವಾದ ವೇಳಾಪಟ್ಟಿಯೊಂದು ಪ್ರತಿಯೊಂದು ಮದುವೆ ಮನೆಗೂ ಅಗತ್ಯ.

ಮುಹೂರ್ತ ಯಾವ ಕ್ರಿಯೆಗೆ?

ಪುರೋಹಿತರನ್ನು ಮೊದಲು ಕೇಳಬೇಕಾದ ಪ್ರಶ್ನೆ ಇದು. ಅಂತರ್ಪಟ ಸರಿಸುವುದಕ್ಕೋ, ಧಾರೆಗೋ, ಮಾಂಗಲ್ಯಧಾರಣೆಗೋ ಎಂಬುದನ್ನು ಖಚಿತಪಡಿಸಿಕೊಳ್ಳದೆ ಉಳಿದ ಲೆಕ್ಕ ಹಾಕಲಾಗದು. ಸಂಪ್ರದಾಯದಿಂದ ಸಂಪ್ರದಾಯಕ್ಕೆ ಉತ್ತರ ಬೇರೆ. ಕರಾವಳಿಯ ಬಂಟ, ಬಿಲ್ಲವ ಮೊದಲಾದ ಸಮುದಾಯಗಳಲ್ಲಿ ಧಾರೆಯೇ ಪ್ರಧಾನ. ಉತ್ತರ ಕರ್ನಾಟಕದ ಮನೆಗಳಲ್ಲಿ ಅರಿಶಿನ, ಸುರಗಿಗಳಾದ ಮೇಲೆ ಅಕ್ಷತೆಯ ಹೊತ್ತನ್ನೇ ಎಲ್ಲರೂ ಕಾಯುತ್ತಾರೆ.

ಎರಡನೆಯ ಪ್ರಶ್ನೆ, ಲೆಕ್ಕ ಯಾವ ಊರಿನದು ಎಂಬುದು. ಊರಿನ ಜೋಯಿಸರು ಅಲ್ಲಿನ ಪಂಚಾಂಗ ನೋಡಿ ಹೇಳಿದ ಸಮಯ ಮುಂಬಯಿಗೆ ಹಾಗೆಯೇ ಒಗ್ಗುವುದಿಲ್ಲ. ಭಾರತೀಯ ಕಾಲಮಾನ ದೇಶಕ್ಕೆಲ್ಲ ಒಂದೇ ಆದರೂ ಸೂರ್ಯ ನೆತ್ತಿಗೆ ಬರುವ ಹೊತ್ತು ಒಂದೇ ಅಲ್ಲ. ಮುಂಬಯಿಯಲ್ಲಿ ಅದು ನವೆಂಬರ್ ಆರಂಭದಲ್ಲಿ ಸುಮಾರು 12.23ಕ್ಕೆ, ಫೆಬ್ರವರಿ ಮಧ್ಯದಲ್ಲಿ ಸುಮಾರು 12.53ಕ್ಕೆ ಆಗುತ್ತದೆ. ಬೆಂಗಳೂರಿನಲ್ಲಿ ಇದಕ್ಕಿಂತ ಸುಮಾರು 19 ನಿಮಿಷ, ಚೆನ್ನೈಯಲ್ಲಿ ಸುಮಾರು ಅರ್ಧ ಗಂಟೆ ಮೊದಲು. ಹಗಲಿನ ಹದಿನೈದು ಮುಹೂರ್ತಗಳಲ್ಲಿ ಎಂಟನೆಯದಾದ ಅಭಿಜಿನ್ ಮುಹೂರ್ತ ಈ ನಡುಹಗಲಿನ ಸುತ್ತಲೇ ಇರುವುದರಿಂದ ಊರಿನ ಗಡಿಯಾರದ ಅಂಕಿಯನ್ನು ಇಲ್ಲಿ ಬಳಸಿದರೆ ತಪ್ಪಾಗುತ್ತದೆ.

ರಾಹುಕಾಲ ನೋಡುವ ಮನೆಯವರಿಗೂ ಇದೇ ಮಾತು ಅನ್ವಯಿಸುತ್ತದೆ. ಶುಕ್ರವಾರ 10.30ರಿಂದ 12ರವರೆಗೆ ಎಂಬ ರೂಢಿಯ ಲೆಕ್ಕ, ಆರು ಗಂಟೆಗೆ ಸೂರ್ಯೋದಯ ಎಂದು ಇಟ್ಟುಕೊಂಡದ್ದು. ಮುಂಬಯಿಯಲ್ಲಿ ಜನವರಿ ಮಧ್ಯದಲ್ಲಿ ಸೂರ್ಯ ಹುಟ್ಟುವುದು ಸುಮಾರು 7.15ಕ್ಕೆ. ಹಗಲನ್ನು ಎಂಟು ಪಾಲು ಮಾಡಿದರೆ ಆ ಶುಕ್ರವಾರದ ರಾಹುಕಾಲ ಸುಮಾರು 11.25ರಿಂದ 12.45ರವರೆಗೆ ಬೀಳುತ್ತದೆ. ಆಮಂತ್ರಣ ಪತ್ರಿಕೆ ಅಚ್ಚಿಗೆ ಹೋಗುವ ಮುನ್ನವೇ ಇದು ತೀರ್ಮಾನವಾಗಬೇಕು.

ಹಿಂದಕ್ಕೆ ಎಣಿಸುವುದು

ಬೆಳಗಿನಿಂದ ಮುಂದಕ್ಕೆ ಪಟ್ಟಿ ಮಾಡುತ್ತ ಹೋದರೆ ಮುಹೂರ್ತದ ಹೊತ್ತಿಗೆ ಸಮಯ ಸಾಲುವುದಿಲ್ಲ. ಮುಹೂರ್ತವನ್ನು ಕಂಬದಂತೆ ನೆಟ್ಟು ಅಲ್ಲಿಂದ ಹಿಂದಕ್ಕೆ ಎಣಿಸುವುದೇ ಸರಿಯಾದ ಕ್ರಮ. ವಿಧಿಗಳಿಗೆ ಎಷ್ಟು ಹೊತ್ತು ಬೇಕೆಂದು ಪುರೋಹಿತರು ಹೇಳಬಲ್ಲರು. ಪಟ್ಟಿ ಕೆಡುವುದು ಯಾರೂ ಲೆಕ್ಕಕ್ಕೆ ಹಿಡಿಯದ ಕೆಲಸಗಳಿಂದ: ಮೊಗ್ಗಿನ ಜಡೆ ಹೆಣೆಯುವುದು, ಸೀರೆ ಬದಲಿಸುವುದು, ಬಂಧುಗಳನ್ನು ಗುಂಪು ಸೇರಿಸಿ ಛಾಯಾಚಿತ್ರ ತೆಗೆಸುವುದು, ಕಾಶೀಯಾತ್ರೆಯ ಛತ್ರಿ ಹುಡುಕುವುದು. ವಧುವಿನ ಅಲಂಕಾರಕ್ಕೆ ಒಂದೂವರೆಯಿಂದ ಎರಡು ಗಂಟೆ, ಎರಡನೆಯ ಸೀರೆಗೆ ಅರ್ಧ ಗಂಟೆ ಎಂದು ಬರೆದಿಡುವುದು ಕ್ಷೇಮ. ಮುಹೂರ್ತಕ್ಕೆ ಮುನ್ನ ಅರ್ಧ ಗಂಟೆಯನ್ನು ಯಾವ ಕೆಲಸಕ್ಕೂ ಕೊಡದೆ ಖಾಲಿ ಉಳಿಸಬೇಕು. ಆ ಅರ್ಧ ಗಂಟೆಯೇ ದಿನವನ್ನು ಕಾಪಾಡುತ್ತದೆ.

ಊಟ ಮತ್ತು ಆರತಕ್ಷತೆಯ ಗಣಿತ

ನಾನೂರು ಅತಿಥಿಗಳಿದ್ದು ಭೋಜನಶಾಲೆಯಲ್ಲಿ ಒಮ್ಮೆಗೆ ನೂರು ಎಲೆ ಹಾಕಬಹುದಾದರೆ ನಾಲ್ಕು ಪಂಕ್ತಿಗಳಾಗುತ್ತವೆ. ಊಟಕ್ಕೆ 40 ನಿಮಿಷ, ಎಲೆ ಎತ್ತಿ ಒರೆಸಲು 10 ನಿಮಿಷ ಎಂದರೆ ಒಟ್ಟು 3 ಗಂಟೆ 20 ನಿಮಿಷ. ಎಲ್ಲ ವಿಧಿಗಳೂ ಮುಗಿದ ಮೇಲೆ ಒಂದು ಗಂಟೆಗೆ ಮೊದಲ ಪಂಕ್ತಿ ಕುಳಿತರೆ ಕಡೆಯ ಪಂಕ್ತಿ ಏಳುವಾಗ 4.20. ಮಾಂಗಲ್ಯಧಾರಣೆ ಆದೊಡನೆ, ಹೋಮ ನಡೆಯುತ್ತಿರುವಾಗಲೇ, ವೃದ್ಧರನ್ನೂ ಮಕ್ಕಳನ್ನೂ ಸಕ್ಕರೆ ಕಾಯಿಲೆಯವರನ್ನೂ ಮೊದಲ ಪಂಕ್ತಿಗೆ ಕೂರಿಸಿದರೆ ಒಂದು ಗಂಟೆ ಉಳಿಯುತ್ತದೆ. ಇದಕ್ಕೆ ಪುರೋಹಿತರ ಮತ್ತು ಮನೆಯ ಹಿರಿಯರ ಒಪ್ಪಿಗೆಯನ್ನು ಮೊದಲೇ ಪಡೆದಿರಬೇಕು, ಅಡುಗೆಭಟ್ಟರಿಗೂ ತಿಳಿಸಿರಬೇಕು.

ಆರತಕ್ಷತೆಯೂ ಹೀಗೆಯೇ. ನಾನೂರು ಮಂದಿ ನಾಲ್ವರಂತೆ ವೇದಿಕೆ ಏರಿದರೆ ನೂರು ಗುಂಪು. ಹರಸಿ, ಉಡುಗೊರೆ ಕೊಟ್ಟು, ಚಿತ್ರ ತೆಗೆಸಿಕೊಳ್ಳಲು ಗುಂಪಿಗೆ 45 ಸೆಕೆಂಡು ಹಿಡಿದರೂ 75 ನಿಮಿಷ ಬೇಕು. ಸಾಲಿನ ನಡುವೆ ಭಾಷಣ, ಸನ್ಮಾನಗಳನ್ನು ಸೇರಿಸಿದರೆ ಸಾಲು ನಿಲ್ಲುತ್ತದೆ, ಮದುಮಕ್ಕಳ ಊಟ ಹಿಂದೆ ಬೀಳುತ್ತದೆ.

ಮಾದರಿ ವೇಳಾಪಟ್ಟಿ

ಮುಹೂರ್ತ 11.15ರಿಂದ 11.50, ಅತಿಥಿಗಳು ನಾನೂರು, ಸಭಾಗೃಹ ಸಂಜೆ 5ರವರೆಗೆ ಎಂದಿಟ್ಟುಕೊಂಡು ಮಾಡಿದ ಪಟ್ಟಿ ಇದು. ತಮ್ಮ ಮನೆಯ ಪದ್ಧತಿಗೆ ತಕ್ಕಂತೆ ಬದಲಿಸಿಕೊಳ್ಳಬಹುದು.

4.30 – ಮಂಗಳಸ್ನಾನ, ಕಾಫಿ
5.00 – ವಧುವಿನ ಅಲಂಕಾರ
7.00 – ಸಭಾಗೃಹಕ್ಕೆ ಆಗಮನ
7.30 – ಉಪಾಹಾರ ಆರಂಭ (9.30ರವರೆಗೆ)
8.15 – ವರಪೂಜೆ. ಅತ್ತ ವಧುವಿನಿಂದ ಗೌರೀಪೂಜೆ
9.15 – ಕಾಶೀಯಾತ್ರೆ
9.45 – ಬಂಧುಗಳೊಡನೆ ಛಾಯಾಚಿತ್ರ
10.15 – ಖಾಲಿ ಬಿಟ್ಟ ಅರ್ಧ ಗಂಟೆ
10.45 – ವರ ಮಂಟಪಕ್ಕೆ. ಸೋದರಮಾವನೊಡನೆ ವಧುವಿನ ಆಗಮನ
11.15 – ಅಂತರ್ಪಟ, ಜೀರಿಗೆ-ಬೆಲ್ಲ, ಧಾರೆ, ಮಾಂಗಲ್ಯಧಾರಣೆ
11.50 – ಲಾಜಾಹೋಮ, ಸಪ್ತಪದಿ
12.00 – ಮೊದಲ ಪಂಕ್ತಿ
12.45 – ಉಡುಪು ಬದಲಾವಣೆ. ಮದುಮಕ್ಕಳಿಗೆ ಹಣ್ಣು, ಪಾನಕ
1.15 – ಆರತಕ್ಷತೆ
2.30 – ನಾಲ್ಕನೆಯ ಪಂಕ್ತಿಯಲ್ಲಿ ಮದುಮಕ್ಕಳು ಮತ್ತು ಎರಡೂ ಮನೆಯವರು
3.20 – ನೋಂದಣಿ ಪತ್ರಕ್ಕೆ ಸಹಿ, ಲೆಕ್ಕ ಚುಕ್ತಾ
3.45 – ಹೆಣ್ಣೊಪ್ಪಿಸುವುದು
4.15 – ಸಾಮಾನು ಸಾಗಣೆ, ತೆರವು

ಸಹಿಯ ವಿಷಯ ಮರೆಯಬಾರದು. ಮಹಾರಾಷ್ಟ್ರದಲ್ಲಿ 1998ರ ಕಾಯಿದೆಯಂತೆ ಮದುವೆಯನ್ನು 90 ದಿನಗಳೊಳಗೆ ನೋಂದಾಯಿಸಬೇಕು. ಅರ್ಜಿಗೆ ಮೂವರು ಸಾಕ್ಷಿಗಳೂ ಪುರೋಹಿತರೂ ಬೇಕು. ಪುರೋಹಿತರು ಬೇಗ ಹೊರಡುವವರಾಗಿದ್ದರೆ ಹೋಮ ಮುಗಿದೊಡನೆ ಅವರ ಸಹಿ ಪಡೆಯುವುದು ಜಾಣತನ.

ದಾರಿಯ ಲೆಕ್ಕ

ಮುಂಬಯಿಯಲ್ಲಿ ಭಾನುವಾರದ ಮದುವೆಗೆ ರಸ್ತೆಯ ದಟ್ಟಣೆ ಕಡಿಮೆ ಎಂಬುದು ನಿಜ. ಆದರೆ ಲೋಕಲ್ ರೈಲುಗಳ ಮೆಗಾಬ್ಲಾಕ್ ನಡೆಯುವುದೂ ಹೆಚ್ಚಾಗಿ ಭಾನುವಾರವೇ. ರೈಲ್ವೆ ಇಲಾಖೆಯ ಪ್ರಕಟಣೆಯನ್ನು ಹಿಂದಿನ ದಿನ ನೋಡಿ ಅತಿಥಿಗಳಿಗೆ ತಿಳಿಸುವ ಹೊಣೆಯನ್ನು ಒಬ್ಬರಿಗೆ ವಹಿಸಬೇಕು. ಉಡುಪಿ, ಮಂಗಳೂರುಗಳಿಂದ ಬರುವ ದಿಬ್ಬಣ ಮದುವೆಯ ಮುಂಜಾನೆಯೇ ರೈಲಿನಿಂದ ಇಳಿಯುವಂತೆ ಇಟ್ಟುಕೊಳ್ಳುವುದು ಅಪಾಯ. ಮಳೆಗಾಲದಲ್ಲಿ ಕೊಂಕಣ ರೈಲು ಮಾರ್ಗದ ವೇಳಾಪಟ್ಟಿಯೇ ಬೇರೆ. ಒಂದು ದಿನ ಮೊದಲು ಬಂದು ತಂಗಲು ವ್ಯವಸ್ಥೆ ಮಾಡುವ ಖರ್ಚು ವ್ಯರ್ಥವಲ್ಲ.

ಸಮಯ ನೋಡುವವರು ಯಾರು?

ವೇಳಾಪಟ್ಟಿ ಎಷ್ಟೇ ಚೆನ್ನಾಗಿದ್ದರೂ ಅದನ್ನು ನಡೆಸುವವರೊಬ್ಬರು ಬೇಕು. ತಂದೆತಾಯಿ ಮಂಟಪದಲ್ಲಿರುತ್ತಾರೆ, ಸೋದರಮಾವನಿಗೆ ವಿಧಿಯಲ್ಲೇ ಪಾತ್ರವಿದೆ, ಅಣ್ಣತಮ್ಮಂದಿರು ಲಾಜಾಹೋಮದ ಅರಳು ಹಾಕಬೇಕು. ಆದುದರಿಂದ ಯಾವ ಶಾಸ್ತ್ರದಲ್ಲೂ ಕೂರಬೇಕಾಗಿಲ್ಲದ, ಎರಡೂ ಮನೆಯವರು ಮಾತಿಗೆ ಬೆಲೆ ಕೊಡುವ ಚಿಕ್ಕಪ್ಪನನ್ನೋ ಅತ್ತೆಯನ್ನೋ ಆರಿಸಬೇಕು. ಪುರೋಹಿತರು, ಅಡುಗೆಭಟ್ಟರು, ಛಾಯಾಗ್ರಾಹಕರು, ವಾಲಗದವರು, ವಾಹನ ಚಾಲಕರು ಎಲ್ಲರ ಬಳಿಯೂ ಪಟ್ಟಿಯ ಪ್ರತಿ ಮತ್ತು ಇವರ ದೂರವಾಣಿ ಸಂಖ್ಯೆ ಇರಬೇಕು. ಮದುವೆಗೆ ಒಂದು ವಾರ ಮೊದಲು ಎರಡೂ ಮನೆಯವರು ಒಟ್ಟಿಗೆ ಕುಳಿತು ಪಟ್ಟಿಯನ್ನು ಒಮ್ಮೆ ಓದಿದರೆ, ಆ ದಿನ ಮಂಟಪದ ಪಕ್ಕದಲ್ಲಿ ನಡೆಯಬಹುದಾದ ಅನೇಕ ಮುನಿಸುಗಳು ಮನೆಯಲ್ಲೇ ಬಗೆಹರಿಯುತ್ತವೆ.

ತಡವಾದರೆ ಏನನ್ನು ಬಿಡಬಹುದು ಎಂಬುದನ್ನೂ ಅಂದೇ ನಿಶ್ಚಯಿಸುವುದು ಒಳಿತು. ಛಾಯಾಚಿತ್ರಗಳನ್ನು ಮೊಟಕುಗೊಳಿಸಬಹುದು, ಭಾಷಣಗಳನ್ನು ಕೈಬಿಡಬಹುದು. ಹಿರಿಯರ ಊಟವನ್ನೂ ಮದುಮಕ್ಕಳ ವಿಶ್ರಾಂತಿಯನ್ನೂ ಬಿಡಲಾಗದು. ತಮ್ಮ ಮನೆಯ ಮಂಗಳಕಾರ್ಯ ಸಾವಧಾನವಾಗಿ, ಸಕಾಲದಲ್ಲಿ ನೆರವೇರಲಿ.