ಒಡೆಯದೆ ಉಳಿದಿದ್ದ ಕಲ್ಲುಗಳು

ತಿಮಿಂಗಿಲ ಮರಿ ಹಾಕುತ್ತದೆ, ಹಾಲೂಡಿಸುತ್ತದೆ, ಉಸಿರಾಡಲು ನೀರಿನಿಂದ ಮೇಲೇಳುತ್ತದೆ. ಅಂದಮೇಲೆ ಅದರ ಪೂರ್ವಿಕರು ಎಂದೋ ನೆಲದ ಮೇಲೆ ನಡೆದಾಡಿರಬೇಕು. 1859ರಲ್ಲಿ ಡಾರ್ವಿನ್, ಬಾಯಿ ತೆರೆದು ಈಜುತ್ತ ಹುಳು ಹಿಡಿಯುವ ಕರಡಿಯ ಉದಾಹರಣೆ ಕೊಟ್ಟು ನಗೆಪಾಟಲಿಗೀಡಾದರು. ಮುಂದಿನ ಆವೃತ್ತಿಗಳಲ್ಲಿ ಆ ಮಾತನ್ನು ಮೊಟಕುಗೊಳಿಸಿದರು. ತೋರಿಸಲು ಅವರ ಬಳಿ ಪಳೆಯುಳಿಕೆಗಳಿರಲಿಲ್ಲ.

ಅವು ಸಿಕ್ಕಿದ್ದು ನಮ್ಮ ಉಪಖಂಡದಲ್ಲಿ. ಭಾರತದ ಭೂಭಾಗ ಏಷ್ಯಾಕ್ಕೆ ಒತ್ತಿಕೊಳ್ಳುತ್ತಿದ್ದ ಕಾಲದಲ್ಲಿ, ನಡುವಿನ ಟೆಥಿಸ್ ಕಡಲು ಕಿರಿದಾಗುತ್ತಿತ್ತು. ಅದರ ಅಂಚಿನ ಕೆಸರೇ ಇಂದು ಬಂಡೆಯಾಗಿದೆ. ಪಾಕಿಸ್ತಾನದಿಂದ 1981ರಲ್ಲಿ ‘ಪಾಕಿಸೀಟಸ್’, 1994ರಲ್ಲಿ ‘ಆಂಬ್ಯುಲೊಸೀಟಸ್’ ಎಂಬ ಕಾಲುಳ್ಳ ತಿಮಿಂಗಿಲಗಳು ಬೆಳಕಿಗೆ ಬಂದವು. 2001ರಲ್ಲಿ ವರದಿಯಾದ ಹರಡಿನ ಮೂಳೆಗಳಿಂದ ಅವು ದನ, ಜಿಂಕೆ, ಹಂದಿಗಳ ಬಳಗದ್ದೇ ಎಂದು ತಿಳಿಯಿತು. ಆದರೆ ಆ ದೊಡ್ಡ ಬಳಗದಲ್ಲಿ ತಿಮಿಂಗಿಲಕ್ಕೆ ತೀರ ಹತ್ತಿರದವರು ಯಾರು?

ಉತ್ತರ ಅಷ್ಟರಲ್ಲಾಗಲೇ ಕಲ್ಲಿನೊಳಗೆ ಕಾಯುತ್ತಿತ್ತು. ಭೂವಿಜ್ಞಾನಿ ಎ. ರಂಗರಾವ್ ಜಮ್ಮು ಸೀಮೆಯ ಕಾಲಾಕೋಟ್ ಬಳಿಯ ಬೆಟ್ಟಗಳಿಂದ ಪಳೆಯುಳಿಕೆ ಕಲ್ಲುಗಳನ್ನು ತಂದಿದ್ದರು. ಕೆಲವು ಹಲ್ಲು, ದವಡೆಗಳ ಆಧಾರದಲ್ಲಿ 1971ರಲ್ಲಿ ‘ಇಂಡೋಹ್ಯೂಸ್’, ಅಂದರೆ ಭಾರತದ ಹಂದಿ, ಎಂಬ ಹೆಸರಿಟ್ಟರು. ಉಳಿದ ಕಲ್ಲುಗಳನ್ನು ಒಡೆದು ನೋಡುವ ಮೊದಲೇ ತೀರಿಕೊಂಡರು. ಅವರ ಪತ್ನಿ ಆ ರಾಶಿಯನ್ನು ವರ್ಷಗಟ್ಟಲೆ ಜೋಪಾನ ಮಾಡಿ, ಕೊನೆಗೆ ಅಮೆರಿಕದ ಸಂಶೋಧಕ ಹಾನ್ಸ್ ಥೆವಿಸನ್ ಅವರಿಗೆ ಒಪ್ಪಿಸಿದರು.

ಪ್ರಯೋಗಾಲಯದಲ್ಲಿ ಕಲ್ಲು ಬಿಡಿಸುವಾಗ ಒಂದು ತಲೆಬುರುಡೆಯ ಕಿವಿಮೂಳೆ ಆಕಸ್ಮಿಕವಾಗಿ ಮುರಿಯಿತು. ಒಳಗೆ ಕಂಡದ್ದು, ಬಟ್ಟಲಿನಂಥ ಆ ಮೂಳೆಯ ಒಳಬದಿಯ ದಪ್ಪ ಗೋಡೆ. ಅದುವರೆಗೆ ಅದನ್ನು ತಿಮಿಂಗಿಲ, ಡಾಲ್ಫಿನ್‌ಗಳ ಕುಲದ ಗುರುತೆಂದೇ ಎಣಿಸಲಾಗಿತ್ತು.

2007ರ ಡಿಸೆಂಬರಿನಲ್ಲಿ ಥೆವಿಸನ್, ಸುನಿಲ್ ಬಾಜಪೇಯಿ ಮತ್ತು ಸಂಗಡಿಗರು ‘ನೇಚರ್’ ಪತ್ರಿಕೆಯಲ್ಲಿ ವಿವರ ಪ್ರಕಟಿಸಿದರು. ಸುಮಾರು 4.8 ಕೋಟಿ ವರ್ಷಗಳ ಹಿಂದೆ ಬದುಕಿದ್ದ, ಬೆಕ್ಕಿನಷ್ಟು ಗಾತ್ರದ ಗೊರಸಿನ ಪ್ರಾಣಿ ಅದು. ಕಾಲಿನ ಮೂಳೆಗಳು ನೀರಾನೆಯದರಂತೆ ದಪ್ಪ ಮತ್ತು ಭಾರ. ನೀರಿನಲ್ಲಿ ತೇಲದೆ ತಳದಲ್ಲಿ ನಡೆಯಲು ತಕ್ಕವು. ಹಲ್ಲಿನಲ್ಲಿದ್ದ ಆಮ್ಲಜನಕದ ಐಸೊಟೋಪುಗಳೂ ನೀರಿನ ವಾಸವನ್ನೇ ಹೇಳಿದವು. ಆದರೆ ತಿನ್ನುತ್ತಿದ್ದದ್ದು ಬಹುಶಃ ಸೊಪ್ಪುಸದೆ. ಅಂದರೆ ಈ ಬಳಗ ನೀರಿಗಿಳಿದದ್ದು ಮೀನಿನ ಆಸೆಗಲ್ಲ, ಪ್ರಾಯಶಃ ಪ್ರಾಣಭಯಕ್ಕೆ. ಆಫ್ರಿಕದ ಪುಟ್ಟ ಷೆವ್ರೊಟೇನ್ ಇಂದಿಗೂ ಹದ್ದು ಎರಗಿದರೆ ನೀರಿಗೆ ಹಾರಿ ಅಡಗುತ್ತದೆ.

ಇಂಡೋಹ್ಯೂಸ್ ತಿಮಿಂಗಿಲದ ಅಜ್ಜನಲ್ಲ, ದಾಯಾದಿ. ಅದರ ಕಾಲಕ್ಕೆ ಮೊದಲ ತಿಮಿಂಗಿಲಗಳು ಹುಟ್ಟಿಯಾಗಿತ್ತು. ಆ ದಾಯಾದಿಗಳ ಕುಟುಂಬಕ್ಕೆ ವಿಜ್ಞಾನದಲ್ಲಿ ‘ರಾವೆಲಿಡೇ’ ಎಂದು ಹೆಸರು. ಅದರೊಳಗೆ ರಾಯರ ಹೆಸರಿದೆ. ಕಲ್ಲುಗಳನ್ನು ಕಾಯ್ದವರ ಹೆಸರು ಅದರಲ್ಲಿಲ್ಲ. ಆದರೆ ಅವರು ಆ ರಾಶಿಯನ್ನು ಎಸೆದುಬಿಟ್ಟಿದ್ದರೆ, ಈ ನೆಂಟಸ್ತಿಕೆಗೆ ಆಗ ಸಾಕ್ಷಿಯೇ ಸಿಗುತ್ತಿರಲಿಲ್ಲ.