ಲಾವಣಿ ಅಲ್ಲ, ಆಳು

ಕೆಲವು ವರ್ಷಗಳ ಹಿಂದೆ ನಮ್ಮ ಆಫೀಸಿನ ಗೆಳೆಯರೆಲ್ಲ ಸೇರಿ ಥಾಮಸ್ ಪಿಕೆಟ್ಟಿಯ 'ಕ್ಯಾಪಿಟಲ್ ಇನ್ ದ ಟ್ವೆಂಟಿ-ಫಸ್ಟ್ ಸೆಂಚುರಿ' ಓದೋಕೆ ಶುರು ಮಾಡಿದ್ವಿ. ಪ್ರತಿ ಶನಿವಾರ ಒಂದು ಅಧ್ಯಾಯ, ಜೊತೆಗೆ ಫಿಲ್ಟರ್ ಕಾಫಿ. ಕೊನೆಯ ಪುಟ ಮುಟ್ಟಿದವರು ಇಬ್ಬರೇ, ಅದರಲ್ಲಿ ನಾನೊಬ್ಬ. ಪುಸ್ತಕದ ಸಾರವನ್ನು ನಮ್ಮ ಭಾಷೆಯಲ್ಲಿ ಹೇಳೋದಾದರೆ ಇಷ್ಟೇ: ಆಸ್ತಿಯಿಂದ ಬರುವ ಗಳಿಕೆ ದೇಶದ ಒಟ್ಟು ಬೆಳವಣಿಗೆಗಿಂತ ಜೋರಾಗಿ ಓಡಿದರೆ, ದುಡಿದು ಗಳಿಸಿದವನಿಗಿಂತ ಅಪ್ಪ-ಅಜ್ಜನ ಆಸ್ತಿ ಪಡೆದವನೇ ಯಾವಾಗಲೂ ಮುಂದಿರುತ್ತಾನೆ. ನಾನು ಜೋರಾಗಿ ತಲೆ ಆಡಿಸಿದೆ. ಯಾಕಂದ್ರೆ ನಾನು ದುಡಿದು ಗಳಿಸಿದವರ ಪೈಕಿ ಅಂತ ನನಗೆ ಪೂರ್ತಿ ನಂಬಿಕೆ ಇತ್ತು.

ಆ ನಂಬಿಕೆ ಮುರಿದದ್ದು ಮಸಗುಪ್ಪಿಯಲ್ಲಿ.

ಮಸಗುಪ್ಪಿ ನಮ್ಮವ್ವನ ತವರು. ಮೊದಲು ಗೋಕಾಕ ತಾಲ್ಲೂಕಿನಲ್ಲಿತ್ತು, ಈಗ ಮೂಡಲಗಿ ತಾಲ್ಲೂಕು. ಸುತ್ತಮುತ್ತ ಘಟಪ್ರಭಾ ನೀರು ಕುಡಿದು ಬೆಳೆದ ಕಬ್ಬು. ಅಜ್ಜ ತೀರಿಕೊಂಡ ಮೇಲೆ ಹೊಲದ ವಾಟ್ನಿ ಮಾತು ಬಂತು. 2005ರ ತಿದ್ದುಪಡಿ ಆದಮೇಲೆ ಹೆಣ್ಣುಮಕ್ಕಳಿಗೂ ಸಮಪಾಲು ಅಲ್ವಾ, ಹಾಗಾಗಿ ಅವ್ವನ ಸಹಿಯೂ ಬೇಕು. "ಕಾನೂನು ನನಗ ಕೊಟ್ಟಿದ್ದನ್ನ ನಾ ಯಾಕ ಬಿಡಲಿ?" ಅಂತ ಅವ್ವ ನನ್ನನ್ನು ಕಾಗದಪತ್ರದ ಕೆಲಸಕ್ಕೆ ಎಳೆದುಕೊಂಡು ಹೋದಳು. ನಾನು ಹಳೆಯ ಉತಾರಗಳನ್ನು ತೆಗೆಸಿದೆ. ಕಂಪ್ಯೂಟರ್ ಬರೋಕೆ ಮುಂಚಿನವು, ಕೈಬರಹದವು.

ಉತಾರ ನೋಡಿ ಅಭ್ಯಾಸ ಇಲ್ಲದವರಿಗೆ ಒಂದು ಮಾತು. ಅದರಲ್ಲಿ ಜಮೀನಿನ ಮಾಲೀಕ ಯಾರು ಅಂತ ಹೇಳೋ ಕಾಲಂ ಒಂದಿದೆ. ನಾವೆಲ್ಲ ನೋಡೋದು ಅದನ್ನೇ. ಇನ್ನೊಂದು, ಹನ್ನೆರಡನೇ ಕಾಲಂ. ಆ ವರ್ಷ ಆ ಹೊಲವನ್ನು ನಿಜವಾಗಿ ಉತ್ತು ಬಿತ್ತಿದವರು ಯಾರು ಅಂತ ಅಲ್ಲಿ ಬರೀತಾರೆ. ನಮ್ಮ ಅಜ್ಜನ ನಾಲ್ಕು ಎಕರೆಯ ಒಂದು ತುಂಡಿಗೆ ಆ ಕಾಲಂನಲ್ಲಿ ವರ್ಷಾನುಗಟ್ಟಲೆ ಒಂದೇ ಹೆಸರು. ಅದು ಅಜ್ಜನದಲ್ಲ. 1973-74ಕ್ಕೆ ಬಂದಾಗ ಆ ಹೆಸರು ಇಲ್ಲ. ಅದರ ಜಾಗದಲ್ಲಿ 'ಸ್ವಂತ' ಅಂತ ಇದೆ.

ಒಂದು ಹೆಸರು ಯಾಕೆ ಸರಿಯಾಗಿ ಅದೇ ವರ್ಷ ಮಾಯವಾಯ್ತು? ಅದಕ್ಕೆ ಸ್ವಲ್ಪ ಹಿಂದಕ್ಕೆ ಹೋಗಬೇಕು.

ಸ್ವಾತಂತ್ರ್ಯ ಬಂದಾಗ ಬೆಳಗಾವಿ ಜಿಲ್ಲೆ ಮುಂಬೈ ಪ್ರಾಂತ್ಯದಲ್ಲಿತ್ತು. ಅಲ್ಲಿ 1948ರಲ್ಲಿ ಗೇಣಿ ಕಾನೂನು ಬಂತು. ನಮ್ಮ ಕಡೆ ಗೇಣಿಗೆ ಹೊಲ ಮಾಡೋದಕ್ಕೆ 'ಲಾವಣಿ' ಅಂತಾರೆ, ಹಾಡುವ ಲಾವಣಿ ಬೇರೆ. ಆಮೇಲೆ ಆ ಕಾನೂನಿಗೆ ತಿದ್ದುಪಡಿ ತಂದು, 1957ರ ಏಪ್ರಿಲ್ 1 'ಉಳುವವರ ದಿನ' ಅಂತ ಗೊತ್ತು ಮಾಡಿದರು. ಆವತ್ತು ಲಾವಣಿ ಮಾಡುತ್ತಿದ್ದವನೇ ಆ ಹೊಲವನ್ನು ಕೊಂಡವನು ಅಂತ ಲೆಕ್ಕ. ಆದರೆ ಅದಕ್ಕೆ ಐದೇ ತಿಂಗಳ ಮುಂಚೆ, 1956ರ ನವೆಂಬರ್ 1ಕ್ಕೆ, ಬೆಳಗಾವಿ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿತು. ಏಕೀಕರಣ ನಮ್ಮ ಹೆಮ್ಮೆ, ಅದರಲ್ಲಿ ಎರಡು ಮಾತಿಲ್ಲ. ಆದರೆ ಲಾವಣಿದಾರನ ಲೆಕ್ಕದಲ್ಲಿ ಬೇರೆಯದೇ ಒಂದು ಸಾಲು ಇದೆ. ಇದೇ ಜಿಲ್ಲೆಯ ಚಂದಗಡ ತಾಲ್ಲೂಕು ಮಾತ್ರ ಮುಂಬೈ ಕಡೆ ಉಳೀತು. ಅಲ್ಲಿ ಉಳುವವರ ದಿನ ಬಂತು. ಗೋಕಾಕ, ಹುಕ್ಕೇರಿಗೆ ಬರಲಿಲ್ಲ.

ಮೈಸೂರಿನ ಭೂಸುಧಾರಣೆ ಕಾನೂನು 1961ರದ್ದು, ಜಾರಿಗೆ ಬಂದದ್ದು 1965ರ ಅಕ್ಟೋಬರ್ 2ಕ್ಕೆ. ಅದರಲ್ಲೂ 'ನಾನೇ ಸ್ವಂತ ಸಾಗುವಳಿ ಮಾಡ್ತೀನಿ' ಅಂತ ಹೇಳಿ ಮಾಲೀಕ ಲಾವಣಿದಾರನಿಂದ ಹೊಲ ಬಿಡಿಸಿಕೊಳ್ಳೋಕೆ ದಾರಿ ಇತ್ತು. ದೇವರಾಜ ಅರಸು ಮುಖ್ಯಮಂತ್ರಿ ಆದಮೇಲೆ ಆ ದಾರಿ ಮುಚ್ಚಿತು. ಅವರ ತಿದ್ದುಪಡಿ ಜಾರಿಗೆ ಬಂದದ್ದು 1974ರ ಮಾರ್ಚ್ 1ಕ್ಕೆ. ಅವತ್ತಿನಿಂದ ಲಾವಣಿಗೆ ಕೊಟ್ಟ ಹೊಲವೆಲ್ಲ ಸರ್ಕಾರದ್ದು. ಉಳುತ್ತಿದ್ದವನು ಏಳನೇ ನಮೂನೆಯಲ್ಲಿ ಅರ್ಜಿ ಹಾಕಿದರೆ, ಭೂ ನ್ಯಾಯಮಂಡಳಿ ವಿಚಾರಣೆ ಮಾಡಿ ಹೊಲ ಅವನ ಹೆಸರಿಗೆ ಮಾಡುತ್ತಿತ್ತು. ಮಂಡಳಿಯಲ್ಲಿ ಅಸಿಸ್ಟೆಂಟ್ ಕಮಿಷನರ್ ಜೊತೆ ಅಧಿಕಾರಿಗಳಲ್ಲದ ನಾಲ್ವರು, ಅವರಲ್ಲಿ ಪರಿಶಿಷ್ಟ ಜಾತಿ ಅಥವಾ ಪಂಗಡದವರು ಒಬ್ಬರಾದರೂ ಇರಲೇಬೇಕು. ವಕೀಲರಿಗೆ ಮೊದಲು ಪ್ರವೇಶವೇ ಇರಲಿಲ್ಲ. ದುಡ್ಡಿದ್ದವನು ದೊಡ್ಡ ವಕೀಲನನ್ನು ಹಿಡಿದು ಗೆಲ್ಲಬಾರದು ಅಂತ. ಅರ್ಜಿ ಹಾಕೋ ಅವಧಿಯನ್ನು 1979ರ ಜೂನ್ 30ರವರೆಗೂ ವಿಸ್ತರಿಸುತ್ತಾ ಹೋದರು. ರಾಜ್ಯದಲ್ಲಿ ಎಂಟು ಲಕ್ಷಕ್ಕೂ ಹೆಚ್ಚು ಅರ್ಜಿಗಳು ಬಂದವು. ಈ ದೇಶದಲ್ಲಿ ಕಾಗದದ ಮೇಲಿಂದ ಇಳಿದು ಹೊಲಕ್ಕೆ ಬಂದ ಕೆಲವೇ ಭೂಸುಧಾರಣೆಗಳಲ್ಲಿ ಇದೊಂದು.

ಆದರೆ ಕಾನೂನು ಗುರುತಿಸಿದ್ದು ಲಾವಣಿದಾರನನ್ನ. ಕೂಲಿಗೆ, ವರ್ಷದ ಸಂಬಳಕ್ಕೆ ದುಡಿಯೋ ಆಳನ್ನಲ್ಲ. ಆಳಿನಿಂದ ಮಾಡಿಸಿದ ಒಕ್ಕಲುತನ ಮಾಲೀಕನ ಸ್ವಂತ ಸಾಗುವಳಿ ಅಂತಲೇ ಲೆಕ್ಕ. ಅದೇ ಎತ್ತು, ಅದೇ ನೇಗಿಲು, ಅದೇ ಮನುಷ್ಯ. ಅವನು 'ಲಾವಣಿ' ಆದರೆ ಹೊಲದ ಒಡೆಯ, 'ಆಳು' ಆದರೆ ಬರಿಗೈ. ಇಡೀ ಆಟ ನಿಂತದ್ದು ಆ ಒಂದು ಶಬ್ದದ ಮೇಲೆ.

ಅಜ್ಜನ ಟ್ರಂಕಿನಲ್ಲಿ ನನಗೆ ಸಿಕ್ಕಿದ್ದು ಆ ಶಬ್ದವೇ. ಒಂದು ಛಾಪಾ ಕಾಗದ. 'ನಾನು ಸದರಿ ಹೊಲವನ್ನು ಲಾವಣಿಯಿಂದ ಮಾಡಿದವನಲ್ಲ, ಸಂಬಳಕ್ಕೆ ಇದ್ದ ಆಳು' ಅನ್ನೋ ಅರ್ಥದ ನಾಲ್ಕು ಸಾಲು. ಕೆಳಗೆ ಒಂದು ಹೆಬ್ಬೆಟ್ಟು.

ಆ ರಾತ್ರಿ ನಿದ್ದೆ ಬರಲಿಲ್ಲ. ಮಾವ ಶಾಲೆ ಮೇಷ್ಟ್ರಾಗಿದ್ದವರು, ಅವರ ಕಪಾಟಿನಲ್ಲಿ ಪುಸ್ತಕಗಳಿದ್ದವು. ಬೆಂಗಳೂರಿನಲ್ಲಿ ಬಡತನದ ಬಗ್ಗೆ ಓದಬೇಕು ಅಂದಾಗೆಲ್ಲ ನನಗೆ ಹೊಳೆದದ್ದು ಪ್ಯಾರಿಸ್, ನ್ಯೂಯಾರ್ಕಿನ ಪುಸ್ತಕಗಳು. ಇಲ್ಲಿ ನೋಡಿದರೆ ನಮ್ಮ ನೆರೆಯವರೇ ಬರೆದಿಟ್ಟಿದ್ದರು. ಬಸವರಾಜ ಕಟ್ಟೀಮನಿ 1919ರಲ್ಲಿ ಹುಟ್ಟಿದ್ದು ಇದೇ ಗೋಕಾಕ ತಾಲ್ಲೂಕಿನ ಮಲಾಮರಡಿಯಲ್ಲಿ. ಸ್ವಾತಂತ್ರ್ಯ ಚಳವಳಿಯಲ್ಲಿ ಜೈಲಿಗೆ ಹೋದವರು, ಪತ್ರಕರ್ತರು, ಪ್ರಗತಿಶೀಲರು. ಅವರ 'ಜ್ವಾಲಾಮುಖಿಯ ಮೇಲೆ' 1951ರದ್ದು, ದುಡಿಯುವವರ ಪರ ನಿಂತ ಕಾದಂಬರಿ. ಅದಕ್ಕೆ ಸೋವಿಯತ್ ಲ್ಯಾಂಡ್ ನೆಹರೂ ಪ್ರಶಸ್ತಿ ಬಂತು. ಚಂದ್ರಶೇಖರ ಕಂಬಾರರು 1937ರಲ್ಲಿ ಹುಟ್ಟಿದ್ದು ಹುಕ್ಕೇರಿ ತಾಲ್ಲೂಕಿನ ಘೋಡಗೇರಿಯಲ್ಲಿ, ಕಮ್ಮಾರರ ಮನೆಯಲ್ಲಿ. ಬಡತನಕ್ಕೆ ಓದು ನಿಂತೇ ಹೋಗಬೇಕಿತ್ತು, ಸಾವಳಗಿ ಮಠದ ಸ್ವಾಮಿಗಳು ಕೈ ಹಿಡಿದರು.

ನಾನು ಆ ರಾತ್ರಿ ಓದಿದ್ದು ಕಂಬಾರರ 'ಜೋಕುಮಾರಸ್ವಾಮಿ'. 1972ರ ನಾಟಕ. ಅಂದರೆ ಅರಸು ಕಾನೂನಿಗೆ ಎರಡು ವರ್ಷ ಮುಂಚಿನದು. ಜೋಕುಮಾರ ಯಾರು ಅಂತ ನಮ್ಮ ಕಡೆಯವರಿಗೆ ಹೇಳಬೇಕಿಲ್ಲ. ಗಣಪತಿ ಹಬ್ಬದ ಬೆನ್ನಿಗೆ ಬುಟ್ಟಿಯಲ್ಲಿ ಬೇವಿನ ಸೊಪ್ಪಿನ ನಡುವೆ ಕೂತು, ಬಾಯಿಗೆ ಬೆಣ್ಣೆ ಮೆತ್ತಿಸಿಕೊಂಡು ಮನೆ ಮನೆಗೆ ಬರೋ ಮಣ್ಣಿನ ದೇವರು. ಏಳೇ ದಿನದ ಆಯುಷ್ಯ. ಹುಣ್ಣಿಮೆಗೆ ಅವನನ್ನು ಕೊಂದುಬಿಡ್ತಾರೆ, ಆದರೆ ಮಳೆ-ಬೆಳೆ ತರುವವನೂ ಅವನೇ. ಕಂಬಾರರು ಈ ಕಥೆಯೊಳಗೆ ಒಬ್ಬ ಗೌಡನನ್ನೂ, ಒಬ್ಬ ಬಸಣ್ಣನನ್ನೂ ತಂದಿಟ್ಟರು. ಗೌಡನ ಹತ್ತಿರ ಬಂದೂಕು ಇದೆ, ಹೊಲ ಇದೆ, ಆದರೆ ಅವನಿಂದ ಏನೂ ಹುಟ್ಟೋದಿಲ್ಲ. ಬಸಣ್ಣ ಹೊಲ ಉಳುವವನು, ಅದಕ್ಕೇ ಅದು ತನ್ನದು ಅನ್ನುವವನು. ಕೊನೆಗೆ ಬಸಣ್ಣನ ಕೊಲೆ ಆಗುತ್ತೆ.

ಕಾಲೇಜಿನಲ್ಲಿದ್ದಾಗ ಈ ನಾಟಕ ನೋಡಿ ನಾನು ಚಪ್ಪಾಳೆ ಹೊಡೆದಿದ್ದೆ. ಗೌಡನ ವೇಷ ಹಾಕಿದವನನ್ನು ನೋಡಿ ನಕ್ಕಿದ್ದೆ. ಗೌಡ ಅಂದ್ರೆ ಯಾವಾಗಲೂ ಬೇರೆ ಯಾರೋ ಆಗಿದ್ದ. ಈಗ ಓದಿದರೆ ನಗು ಬರಲಿಲ್ಲ. ನಮ್ಮ ಅಜ್ಜನ ಕೈಯಲ್ಲಿ ಬಂದೂಕು ಇರಲಿಲ್ಲ, ನಿಜ. ಬಹಳ ಒಳ್ಳೆಯ ಮನುಷ್ಯ, ನನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ಜಾತ್ರೆಗೆ ಕರ್ಕೊಂಡು ಹೋಗ್ತಿದ್ದವರು. ಅವರಿಗೆ ಒಂದು ಛಾಪಾ ಕಾಗದ ಸಾಕಾಯ್ತು.

ಆಮೇಲೆ ಆ ಹೊಲಕ್ಕೆ ಹೊಳೆಯಿಂದ ಪೈಪ್‌ಲೈನ್ ಬಂತು. ಜೋಳದ ಹೊಲ ಕಬ್ಬಿನ ಹೊಲ ಆಯ್ತು. ನನ್ನ ಇಂಜಿನಿಯರಿಂಗ್ ಫೀ ತುಂಬಿದ್ದು ಅಜ್ಜ, ಆ ಕಬ್ಬಿನ ಬಿಲ್ಲಿನಿಂದ. ಪಿಕೆಟ್ಟಿ ಹೇಳಿದ ಪಿತ್ರಾರ್ಜಿತದವನು ನಾನೇ.

ಮರುದಿನ ಆ ಮನೆಗೆ ಹೋದೆ. ಹೆಬ್ಬೆಟ್ಟು ಒತ್ತಿದವರು ಎಂದೋ ತೀರಿಕೊಂಡಿದ್ದಾರೆ. ಮಗ ಇದ್ದಾರೆ, ಎಪ್ಪತ್ತು ದಾಟಿದವರು. ಸಣ್ಣವನಿದ್ದಾಗ ನಾನು ಅವರನ್ನು ಹೆಸರು ಹಿಡಿದು, ಏಕವಚನದಲ್ಲಿ ಕೂಗುತ್ತಿದ್ದೆ. ಅವರು ನನಗೆ 'ರೀ' ಹಚ್ಚಿ ಮಾತಾಡುತ್ತಿದ್ದರು. ಮೊದಲ ಸಲ "ಕಾಕಾರ" ಅಂದೆ. ಅವರಿಗೇ ಮುಜುಗರ ಆಯ್ತು.

"ನಮ್ಮಪ್ಪಗ ಓದಾಕ ಬರ್ತಿರಲಿಲ್ರಿ," ಅಂದರು. "ಸರಕಾರದಾವ್ರು ಹೊಲ ಕಸಗೋತಾರ, ನೀ ಹೆಬ್ಬಟ್ಟ ಒತ್ತಿದ್ರ ಉಳಿತೈತಿ ಅಂತ ನಿಮ್ಮ ಅಜ್ಜಾರು ಹೇಳಿದ್ರು. ಉಳೀತು. ಅವ್ರಿಗೆ ಉಳೀತು."

"ಏಳನೇ ನಮೂನೆ ಗೊತ್ತಿರಲಿಲ್ವಾ?" ಅಂದೆ.

"ಗೊತ್ತಿತ್ರಿ. ನಾನ ಗೋಕಾಕಕ್ಕ ಹೋಗಿ ಅರ್ಜಿ ತಂದಿದ್ದೆ. ಅಪ್ಪ ಹರದ ಒಗದ. ಇದ ಊರಾಗ ಬಾಳೇ ಮಾಡೂದೈತಿ, ಅವ್ರ ಕಡೆ ಸಾಲ ಐತಿ, ನಿಮ್ಮ ಅಕ್ಕನ ಮದಿವಿ ಐತಿ, ಅರ್ಜಿ ಹಾಕಿ ಎಲ್ಲಿ ಹೋಗೂನು ಅಂದ."

ಭೂಸುಧಾರಣೆ ಬಗ್ಗೆ ಓದುವಾಗ ಎಷ್ಟು ಅರ್ಜಿ ಬಂದವು, ಎಷ್ಟು ಇತ್ಯರ್ಥ ಆದವು ಅನ್ನೋ ಅಂಕಿಗಳೇ ಸಿಗುತ್ತವೆ. ಹರಿದು ಒಗೆದ ಅರ್ಜಿಗಳಿಗೆ ಯಾರೂ ನಂಬರ್ ಕೊಡಲಿಲ್ಲ. ಕಾನೂನು ವಕೀಲನನ್ನು ಹೊರಗೆ ನಿಲ್ಲಿಸಿತು, ಸರಿ. ಸಾಲವನ್ನು, ಮಗಳ ಮದುವೆಯನ್ನು, ನಾಳೆಯೂ ಅದೇ ಓಣಿಯಲ್ಲಿ ಇರಬೇಕಾದ ಭಯವನ್ನು ಹೊರಗೆ ನಿಲ್ಲಿಸೋಕೆ ಅದರ ಕೈಯಲ್ಲಿ ಆಗಲಿಲ್ಲ. ಇನ್ನು ಲಾವಣಿಯೂ ಸಿಗದವರ ಮಾತಂತೂ ಬೇರೆಯೇ. ಶಿವರಾಮ ಕಾರಂತರ 'ಚೋಮನ ದುಡಿ' 1933ರದ್ದು. ತುಂಡು ಹೊಲದ ಬೇಸಾಯದ ಆಸೆಯಲ್ಲೇ ಸತ್ತ ಚೋಮ 1974ರಲ್ಲಿ ಬದುಕಿದ್ದರೂ ಏಳನೇ ನಮೂನೆ ಅವನಿಗಲ್ಲ. ಅವನು ಬರೀ ಆಳು.

ನಾನು ಹೋದದ್ದು ಒಂದು ಮಾತು ಹೇಳೋಕೆ. ಅವ್ವನ ಜೊತೆ ಮೊದಲೇ ಮಾತಾಡಿದ್ದೆ. ಆ ತುಂಡಿನಲ್ಲಿ ಅವ್ವನ ಪಾಲಿಗೆ ಬರೋದನ್ನು ನಿಮ್ಮ ಹೆಸರಿಗೆ ಮಾಡಿಕೊಡ್ತೀವಿ ಅಂದೆ. ಹೇಳುವಾಗ ನನ್ನ ಬಗ್ಗೆ ನನಗೇ ಸ್ವಲ್ಪ ಹೆಮ್ಮೆ ಅನ್ನಿಸಿತ್ತು, ಸುಳ್ಳು ಯಾಕೆ ಹೇಳಲಿ.

ಅವರು ಬಹಳ ಹೊತ್ತು ಸುಮ್ಮನಿದ್ದರು. "ಬ್ಯಾಡ್ರಿ," ಅಂದರು. "ಆಗ ಕೊಟ್ಟಿದ್ರ ಅದು ನಮ್ಮ ಹಕ್ಕಿತ್ತು. ಈಗ ಕೊಟ್ರ ದಾನ ಆಗ್ತೈತಿ. ದಾನ ತಗೊಂಡ್ರ ಮತ್ತ ನಿಮ್ಮ ಮನಿ ಆಳ ಆಗ್ತೀನಿ."

ನನಗೆ ಉತ್ತರ ಇರಲಿಲ್ಲ. ಈಗಲೂ ಇಲ್ಲ.

ಇದನ್ನು ಬೆಂಗಳೂರಿಗೆ ಬಂದು ಗೆಳೆಯರಿಗೆ ಹೇಳಿದೆ. ಒಬ್ಬ "ಬಿಡು ಮಗಾ, ಐವತ್ತು ವರ್ಷದ ಹಿಂದಿನ ಮಾತು" ಅಂದ. ಅದೇ ಗೆಳೆಯ ಕಳೆದ ವರ್ಷ ಊರ ಹೊರಗೆ ಫಾರ್ಮ್ ಲ್ಯಾಂಡ್ ತಗೊಂಡಿದ್ದಾನೆ. ಅರಸು ಕಾಲದ ಕಾನೂನಿನಲ್ಲಿ 79ಎ, 79ಬಿ ಅಂತ ಎರಡು ಕಲಂಗಳಿದ್ದವು. ಬೇರೆ ಕಡೆಯಿಂದ ದೊಡ್ಡ ಆದಾಯ ಇರುವವರು, ಒಕ್ಕಲುತನ ಮಾಡದವರು ಹೊಲ ಕೊಳ್ಳಬಾರದು ಅಂತ. ಆದಾಯದ ಮಿತಿ ಏರುತ್ತಾ ಏರುತ್ತಾ 25 ಲಕ್ಷ ರೂಪಾಯಿಗೆ ಬಂದಿತ್ತು. 2020ರಲ್ಲಿ ಆ ಕಲಂಗಳನ್ನೇ ತೆಗೆದುಹಾಕಿದರು. ಈಗ ನಾನೂ ನೀವೂ ಲ್ಯಾಪ್‌ಟಾಪ್ ಮಡಚಿ ಎದ್ದು ಹೋಗಿ ಹೊಲ ಕೊಳ್ಳಬಹುದು. ಕೊಳ್ಳೋದು ತಪ್ಪು ಅಂತ ನಾನು ಹೇಳ್ತಿಲ್ಲ. ಕೊಳ್ಳೋ ಮುಂಚೆ ಹಳೆಯ ಉತಾರ ತೆಗೆಸಿದಾಗ, ವಕೀಲರು ಮಾಲೀಕನ ಕಾಲಂ ಮಾತ್ರ ತೋರಿಸ್ತಾರೆ. ಹನ್ನೆರಡನೆಯದನ್ನೂ ಒಮ್ಮೆ ನೋಡಿ.

ಅವತ್ತು ಏಳುವಾಗ ಕಾಕಾ ನನ್ನನ್ನು ತಡೆದು ನಿಲ್ಲಿಸಿದರು. "ಹಳೇ ಉತಾರದಾಗ ನಮ್ಮಪ್ಪನ ಹೆಸರ ಐತಿ ಅಂದ್ರಲ್ಲ. ಅದರ ಝೆರಾಕ್ಸ್ ಕೊಡ್ತೀರೇನ್ರಿ? ಮೊಮ್ಮಗಳು ಡಿಗ್ರಿ ಓದಾಕತ್ಯಾಳ. ನಮ್ಮ ಮುತ್ತ್ಯಾ ಆಳಲ್ಲ, ಲಾವಣಿ ಮಾಡಿದಾವ ಅಂತ ಆಕಿಗೆ ತೋರಸ್ತೀನಿ."

ಅವರು ನಮ್ಮ ಮನೆಯಿಂದ ಕೇಳಿದ್ದು ಅದೊಂದೇ. ಆ ಹೆಸರಿದ್ದ ಅಷ್ಟೂ ವರ್ಷದ ಉತಾರಗಳನ್ನು ಮೂಡಲಗಿಯಲ್ಲಿ ಝೆರಾಕ್ಸ್ ಮಾಡಿಸಿ, ಸಂಜೆ ಬಸ್ಸಿಗೆ ಮುಂಚೆ ಕೊಟ್ಟು ಬಂದೆ. ವಾಟ್ನಿ ಪತ್ರಕ್ಕೆ ಅವ್ವ ಇನ್ನೂ ಸಹಿ ಮಾಡಿಲ್ಲ.